ಮೊದಲೇ ಹೇಳಿದ್ದರೆ ಅಳುತ್ತಿದ್ದಳು

ಸೆಪ್ಟೆಂಬರ್ 28, 1866

ಮೂರನೆಯ ಟ್ರಂಕೂ ತುಂಬಿತು. ಮೇಲೆ ಕೂತು ಅದುಮಿದರೂ ಬೀಗ ಬೀಳಲಿಲ್ಲ. ಕಡೆಗೆ ನನ್ನ ಗಂಡ ಆಂಬ್ರೋಸ್ ಅವರ ಹಳೆಯ ಕೆಂಪು ಕೋಟನ್ನು ಹೊರಗೆ ತೆಗೆದಿಟ್ಟೆ. ಬೇಕಾದರೆ ಹಾಕಿಕೊಂಡೇ ಹಡಗು ಹತ್ತಲಿ.

ನವೆಂಬರಿನಲ್ಲಿ ದಂಡು ಈ ನ್ಯೂಜಿಲೆಂಡ್ ಬಿಟ್ಟು ಹೊರಡುತ್ತದೆ. ಮಾರ್ಚ್ ಹೊತ್ತಿಗೆ ನಾವು ಲಡ್ಲೋದಲ್ಲಿ, ನಮ್ಮೂರಿನಲ್ಲಿ. ಮಗಳು ಲೆಟ್ಟಿಗೆಂದು ಹೊಲಿಯುತ್ತಿರುವ ನೀಲಿ ಫ್ರಾಕಿಗೆ ಅಳತೆ ಯಾವುದು? ಬಳ್ಳಾರಿಯಿಂದ ಅವಳನ್ನು ಊರಿಗೆ ಕಳಿಸಿದಾಗ ಐದು ವರ್ಷ. ಅವಳ ಅಣ್ಣನನ್ನು ಅಲ್ಲಿಯ ಮಣ್ಣಿಗೆ ಕೊಟ್ಟಾಗಿತ್ತು, ಇವಳಾದರೂ ಉಳಿಯಲಿ ಎಂದು ಕಳಿಸಿದ್ದು. ಹಿಂದೆಯೇ ನಾವೂ ಹೋಗುವವರಿದ್ದೆವು. ಅಷ್ಟರಲ್ಲಿ ಇಲ್ಲಿ ಯುದ್ಧವೆಂದು ದಂಡನ್ನು ಈ ಕಡೆ ತಿರುಗಿಸಿದರು. ಈಗ ಅವಳಿಗೆ ಎಂಟು. ಬೇಕರಿಯವರ ಮಗಳನ್ನು ಕರೆದು ಫ್ರಾಕನ್ನು ಅವಳ ಮೈಗೆ ಹಿಡಿದು ನೋಡಿದೆ. ನಾದಿನಿ ಡೋರ್ಕಾಸ್ ಪ್ರತಿ ಕಾಗದದಲ್ಲೂ "ಲೆಟ್ಟಿ ಎತ್ತರ ಬೆಳೆದಿದ್ದಾಳೆ" ಎಂದಷ್ಟೇ ಬರೆಯುತ್ತಾಳೆ. ಎಷ್ಟು ಎತ್ತರ ಎಂದು ಬರೆಯಬಾರದೇ?

ಅಕ್ಟೋಬರ್ 6

ದಂಡಿನವರಿಗೂ ಊರಿನವರಿಗೂ ಕೊನೆಯ ಪಂದ್ಯ. ಆಂಬ್ರೋಸ್‌ಗೆ ಬೇಸರವಾಗಬಾರದೆಂದು ಹೋದೆ. ಮೂರು ಕೋಲು ನೆಡುತ್ತಾರೆ. ಒಬ್ಬ ಬೀಳಿಸಲು ನೋಡುತ್ತಾನೆ, ಒಬ್ಬ ಕಾಯುತ್ತಾನೆ. ಉಳಿದವರು ಬಿಸಿಲಿನಲ್ಲಿ ಯಾಕೆ ನಿಂತಿರುತ್ತಾರೋ ದೇವರೇ ಬಲ್ಲ. ಜನ ಚಪ್ಪಾಳೆ ತಟ್ಟಿದಾಗ ನಾನೂ ತಟ್ಟಿದೆ. ಆಮೇಲೆ ನೋಡಿದರೆ ನನ್ನ ಗಂಡನೇ ಔಟಾಗಿ ಬರುತ್ತಿದ್ದರು.

ಅಕ್ಟೋಬರಿನಲ್ಲಿ ವಸಂತ. ಈ ದೇಶದಲ್ಲಿ ಎಲ್ಲವೂ ತಲೆಕೆಳಗು. ಇನ್ನೊಂದು ತಿಂಗಳು ಸಹಿಸಿಕೊಂಡರೆ ಮುಗಿಯಿತು.

ಅಕ್ಟೋಬರ್ 13

ರಾತ್ರಿ ಬಹಳವಾಗಿದೆ. ಆದರೂ ಬರೆಯುತ್ತೇನೆ.

ಕ್ರಿಕೆಟ್ ಕ್ಲಬ್ಬಿನ ಬೀಳ್ಕೊಡುಗೆ ಊಟ ಮಧ್ಯಾಹ್ನ ಇತ್ತು. ಗಂಡಸರಿಗೆ ಕೆಳಗೆ ಹಜಾರದಲ್ಲಿ ಎಲ್ಲ ಉಪಚಾರ. ಹೆಂಗಸರಿಗೆ ಮೇಲೆ ಅಟ್ಟದಲ್ಲಿ ಸಾಲು ಕುರ್ಚಿ, ಭಾಷಣ ಕೇಳುವುದಕ್ಕೆ. ಅಧ್ಯಕ್ಷ ಟಾಪ್ಲಿಸ್ ಉಣ್ಣೆಯ ವ್ಯಾಪಾರಿ. ಅವರು ಎದ್ದು ನಿಂತು ನನ್ನ ಗಂಡನ ಬದುಕನ್ನೆಲ್ಲ ಹೇಳಿದರು: ಹದಿನೇಳಕ್ಕೆ ದಂಡು ಸೇರಿದ್ದು, ಸೆವಾಸ್ಟೊಪೋಲಿನ ಕಂದಕಗಳಲ್ಲಿ ಕಳೆದ ಚಳಿಗಾಲ, ಬಳ್ಳಾರಿಯ ಬಯಲಿನಲ್ಲಿ ಸುಡುಬಿಸಿಲಿಗೆ ನೂರು ರನ್ ಹೊಡೆದದ್ದು, ಇಲ್ಲಿಯ ಯುದ್ಧದಲ್ಲಿ ತೊಡೆಗೆ ಗುಂಡು ತಗುಲಿದ್ದು, ಗಾಯ ಮಾಯುವ ಮೊದಲೇ ಬ್ಯಾಟು ಹಿಡಿದದ್ದು. ಆ ಬದುಕಿನಲ್ಲಿ ನಾನು ಎಲ್ಲಿಯೂ ಬರಲಿಲ್ಲ. ಅದಕ್ಕೇನೂ ಅನ್ನಿಸಲಿಲ್ಲ, ಭಾಷಣಗಳೆಂದರೆ ಹಾಗೆಯೇ.

ಆಮೇಲೆ ಅವರು ಒಂದು ಸಂತೋಷದ ಸಮಾಚಾರವಿದೆ ಎಂದರು. ಕ್ಯಾಪ್ಟನ್ ಪೆಲ್ ದಂಡಿನ ಜೊತೆ ಹೋಗುತ್ತಿಲ್ಲ, ಸೇನೆಯ ಹುದ್ದೆಯನ್ನು ಬಿಟ್ಟುಕೊಟ್ಟಾಗಿದೆ, ಇನ್ನು ಅವರು ನಮ್ಮೂರಿನವರು, ನಮ್ಮ ತಂಡದ ನಾಯಕರು, ಬಯಲಿನ ಪಕ್ಕದ ಮನೆಯನ್ನು ಕ್ಲಬ್ಬು ಅವರಿಗೆ ಬಿಟ್ಟುಕೊಟ್ಟಿದೆ. ಕೆಳಗೆ ಮೇಜು ಗುದ್ದಿದ ಸದ್ದಿಗೆ ಅಟ್ಟದ ಹಲಗೆಗಳು ಅದುರಿದವು. ಆಂಬ್ರೋಸ್ ಎದ್ದು ತಲೆ ಬಾಗಿಸಿದರು. ಮೇಲೆ ನೋಡಲಿಲ್ಲ.

ಮಿಸೆಸ್ ಟಾಪ್ಲಿಸ್ ನನ್ನ ಕೈ ಹಿಡಿದುಕೊಂಡರು. "ಎಂಥ ಗುಟ್ಟು ಇಟ್ಕೊಂಡಿದ್ರೀ ನೀವು. ನಮಗೊಂದು ಸುಳಿವೂ ಕೊಡ್ಲಿಲ್ವಲ್ಲ."

ಸಾಲಿನ ಹೆಂಗಸರೆಲ್ಲ ನನ್ನ ಮುಖ ನೋಡುತ್ತಿದ್ದರು. ನಾನು ನಕ್ಕೆ. ಹೌದು, ಗುಟ್ಟಾಗಿಯೇ ಇರಲಿ ಅಂತಿದ್ವಿ ಎಂದೆ.

ಅಕ್ಟೋಬರ್ 14

ಚರ್ಚಿಗೆ ಹೋಗಲಿಲ್ಲ. ಹುದ್ದೆ ಬಿಟ್ಟದ್ದು ಯಾವಾಗ ಎಂದು ಕೇಳಿದೆ.

"ಜೂನಲ್ಲಿ."

ಜೂನಿನಲ್ಲಿ ನಾನು ಲೆಟ್ಟಿಯ ಫ್ರಾಕಿಗೆ ಬಟ್ಟೆ ಕೊಂಡದ್ದು. ಅಂಗಡಿಗೆ ಅವರೂ ಬಂದಿದ್ದರು. ನೀಲಿ ಬಣ್ಣ ಆರಿಸಿದ್ದು ಅವರೇ.

"ಮೊದಲೇ ಹೇಳಿದ್ರೆ ನೀನು ಅಳ್ತಿದ್ದೆ, ಹೆಸ್ಟರ್. ನಿನ್ನ ಅಳು ನೋಡೋಕೆ ನನ್ ಕೈಲಿ ಆಗಲ್ಲ. ಊರಲ್ಲಿ ನಾನು ಯಾರು ಹೇಳು? ಒಬ್ಬ ಕುಂಟ ಕ್ಯಾಪ್ಟನ್, ಅಷ್ಟೇ. ಇಲ್ಲಿ ಬೀದೀಲಿ ಹೋದ್ರೆ ಜನ ಟೋಪಿ ತೆಗೀತಾರೆ."

"ಮತ್ತೆ ಲೆಟ್ಟಿ?"

"ಡೋರ್ಕಾಸ್ ಹತ್ರ ಸುಖವಾಗಿದ್ದಾಳಲ್ಲ. ಒಂದೆರಡು ವರ್ಷ ಹೋಗ್ಲಿ, ನೋಡೋಣ."

ಯುದ್ಧ ಮುಗಿದ ಮರುದಿನವೇ ಲಡ್ಲೋಗೆ ಎಂದು ಆಣೆ ಮಾಡಿದವರು ಇವರೇ. ನನಗೆ ಅಳು ಬರಲಿಲ್ಲ. ಬಂದಿದ್ದರೆ ಇವರ ಮಾತು ನಿಜವಾಗುತ್ತಿತ್ತು.

ಅಕ್ಟೋಬರ್ 22

ಟ್ರಂಕುಗಳನ್ನು ಬಿಚ್ಚಿಲ್ಲ. ಅವರು ತಮ್ಮ ಅಂಗಿಗಾಗಿ ತಾವೇ ಬಿಚ್ಚಿ, ಮುಚ್ಚದೆ ಹಾಗೆಯೇ ಬಿಟ್ಟರು.

ನವೆಂಬರ್ 9

ದಂಡು ಹೋಯಿತು. ಬಂದರಿನಲ್ಲಿ ಬ್ಯಾಂಡು ಬಾರಿಸಿದರು. ನನ್ನ ಜೊತೆ ಬಳ್ಳಾರಿಯಿಂದ ಬಂದ ಹೆಂಗಸರು ಹಡಗಿನ ಅಂಚಿನಲ್ಲಿ ನಿಂತು ಕೈ ಬೀಸಿದರು. ಆಂಬ್ರೋಸ್ ಅತ್ತರು. ನಾನು ಅವರ ಕೈ ಹಿಡಿಯಲಿಲ್ಲ.

ಡಿಸೆಂಬರ್ 11

ರಾಹೇರ ಎಂಬ ಮಾವೊರಿ ಹೆಂಗಸು ವಾರಕ್ಕೊಮ್ಮೆ ಆಲೂಗಡ್ಡೆ ತರುತ್ತಾಳೆ. ನನ್ನ ಹೆಸರು ಅವಳ ಬಾಯಲ್ಲಿ ಎಹೆತೆರೆ. ಹಿತ್ತಿಲ ಮೆಟ್ಟಿಲ ಮೇಲೆ ಕೂತು ಚಿಲುಮೆ ಸೇದಿ, ನನ್ನ ತೋಟದ ಸಾಲುಗಳನ್ನು ನೋಡಿ ನಕ್ಕು, ನಾನು ನೆಟ್ಟದ್ದನ್ನು ಕಿತ್ತು ಬೇರೆ ಕಡೆ ನೆಟ್ಟು ಹೋಗುತ್ತಾಳೆ. ಇವತ್ತು ಎಷ್ಟು ಮಕ್ಕಳು ಎಂದು ಕೇಳಿದಳು. ಹೇಳಿದೆ.

"ನನ್ನ ದೊಡ್ಡವಳನ್ನೂ ಗಂಡನ ಅಕ್ಕನಿಗೇ ಸಾಕೋಕೆ ಕೊಟ್ಟಿದ್ದೀನಿ," ಎಂದಳು. "ಆದ್ರೆ ಬೆಳಿಗ್ಗೆ ಹೊರಟ್ರೆ ಮಧ್ಯಾಹ್ನಕ್ಕೆ ಅವಳ ಮನೆ ಸಿಗುತ್ತೆ. ನಿನ್ನೋಳು ನಿನ್ನ ಮುಖಾನೇ ಮರ್ತಿರ್ತಾಳೆ, ಎಹೆತೆರೆ."

ಸಿಟ್ಟು ಬಂತು. ಈ ವಾರ ಆಲೂಗಡ್ಡೆ ಬೇಡವೆಂದು ಕಳಿಸಿಬಿಟ್ಟೆ. ಅವಳು ಹೋದ ಮೇಲೆ ಕೂತು ಡೋರ್ಕಾಸಿಗೆ ಕಾಗದ ಬರೆದೆ: ಲೆಟ್ಟಿಯನ್ನು ಇಲ್ಲಿಗೆ ಕಳಿಸು. ನನ್ನ ಅಮ್ಮ ಬಿಟ್ಟುಹೋದ ಹಣ ನಿನ್ನ ಹತ್ತಿರವೇ ಇದೆ, ಪ್ರಯಾಣಕ್ಕೆ ಅದು ಸಾಕು. ಯಾವುದಾದರೂ ಒಳ್ಳೆಯ ಸಂಸಾರದ ಜೊತೆ ಹತ್ತಿಸು. ಹೊರಡುವ ದಿನದವರೆಗೂ ಅವಳಿಗೆ ಹೇಳಬೇಡ. ಮೊದಲೇ ಹೇಳಿದರೆ ಅಳುತ್ತಾಳೆ, ಅತ್ತು ಜ್ವರ ಬರಿಸಿಕೊಳ್ಳುತ್ತಾಳೆ. ಸಮುದ್ರ ನೋಡಿಕೊಂಡು ಬರೋಣ ಎಂದು ಕರೆದುಕೊಂಡು ಹೋಗು.

ಇದು ಒಳ್ಳೆಯ ಉಪಾಯ. ಮಗುವಿಗೂ ನೋವಿಲ್ಲ, ದೊಡ್ಡವರಿಗೂ ಗಲಾಟೆಯಿಲ್ಲ.

ಆಂಬ್ರೋಸ್‌ಗೆ ಹೇಳಲಿಲ್ಲ. ಹೇಳಿದರೆ ಬೇಡವೆನ್ನುತ್ತಾರೆ ಎಂದಲ್ಲ. ಹೇಳಬೇಕಾದ ಋಣ ನನಗಿಲ್ಲ.

ಫೆಬ್ರವರಿ 16, 1867

ಬರೆದು ಬಹಳ ದಿನವಾಯಿತು. ಪುರಸೊತ್ತೇ ಇಲ್ಲ. ಬೇಕರಿಯವರ ಮಗಳಿಗೆ ಓದು ಹೇಳಿಕೊಡುತ್ತಿದ್ದೆ, ಅವಳು ಗೆಳತಿಯರನ್ನು ಕರೆತಂದಳು. ಈಗ ಮುಂದಿನ ಕೋಣೆ ತುಂಬ ಹುಡುಗಿಯರು. ಸುಣ್ಣ ಬಳಿದ ಗೋಡೆಯ ಮೇಲೆ ಇದ್ದಿಲಿನಲ್ಲಿ ಬರೆದು ಕಲಿಸುತ್ತೇನೆ. ಆಂಬ್ರೋಸ್ ಮನೆಗೆ ಬಂದಾಗ ತಮ್ಮ ಕುರ್ಚಿಯಲ್ಲಿ ಯಾರೋ ಕೂತಿರುತ್ತಾರೆ. ನೀಲಿ ಫ್ರಾಕನ್ನು ಬೇಕರಿಯವರ ಮಗಳಿಗೆ ಕೊಟ್ಟುಬಿಟ್ಟೆ. ಅವಳ ಅಳತೆಗೇ ಹೊಲಿದದ್ದಲ್ಲವೇ.

ನಿನ್ನೆ ಪಕ್ಕದ ಪ್ರಾಂತ್ಯದವರ ಮೇಲೆ ಪಂದ್ಯ. ಗೆದ್ದೆವು. ಆಂಬ್ರೋಸ್ ಚೆನ್ನಾಗಿ ಆಡಿದರು, ಆದರೆ ಎಡಗೈ ಬೌಲರ್ ಬಂದರೆ ಹಿಂದೆ ಸರಿದು ಆಡುವ ಹಳೆಯ ಚಾಳಿ ಬಿಟ್ಟಿಲ್ಲ. ಅದರಿಂದಲೇ ವಿಕೆಟ್ ಹೋದದ್ದು. ಊಟದ ಹೊತ್ತಿನಲ್ಲಿ ಹಾಗೆಂದೆ. ತಟ್ಟೆಯಿಂದ ತಲೆಯೆತ್ತಿ ನನ್ನನ್ನೇ ನೋಡಿದರು. ಗಾರೋ ಇದ್ದಾನಲ್ಲ, ಇವರೇ ಕೈಹಿಡಿದು ಆಟ ಕಲಿಸಿದ ಆ ಚಿಕ್ಕ ವಯಸ್ಸಿನ ವಕೀಲ, ಅವನೂ ಇದನ್ನೇ ಹೇಳಿದನಂತೆ.

ರಾಹೇರ ಬುಟ್ಟಿ ತುಂಬ ಪೀಚ್ ಹಣ್ಣು ತಂದಳು. ಪಂದ್ಯದ ದಿನ ಬಯಲಿಗೆ ತಂದಿದ್ದರೆ ಎಲ್ಲವೂ ಖರ್ಚಾಗುತ್ತಿತ್ತಲ್ಲ ಎಂದೆ.

"ಅದು ನಮ್ಮ ಮಾವನ ಗೆಣಸಿನ ಹೊಲ. ನಿಮ್ಮೋರು ಬಂದು ಕೋಲು ನೆಟ್ರು. ಮಾವನ್ನ ಯಾರೂ ಕೇಳ್ಲಿಲ್ಲ. ನಾನಲ್ಲಿಗೆ ಬರಲ್ಲ."

ಹಣ್ಣನ್ನೆಲ್ಲ ಕೊಂಡೆ. ಇಷ್ಟು ಹಣ್ಣನ್ನು ಏನು ಮಾಡಲಿ?

ಮೇ 25

ಡೋರ್ಕಾಸಿನ ಉತ್ತರ ಬಂತು. ಆಂಬ್ರೋಸ್ ಮನೆಯಲ್ಲಿರಲಿಲ್ಲ, ಒಳ್ಳೆಯದಾಯಿತು. ಪಾದ್ರಿ ವಿಟ್ಲೋ ಅವರ ಸಂಸಾರ ಆಗಸ್ಟಿನಲ್ಲಿ ಇಲ್ಲಿಗೆ ಹೊರಡುತ್ತದಂತೆ, ಲೆಟ್ಟಿ ಅವರ ಜೊತೆ ಬರುತ್ತಾಳೆ. ನೀನು ಹೆತ್ತವಳು, ಇಲ್ಲವೆನ್ನಲು ನಾನು ಯಾರು ಎಂದು ಬರೆದಿದ್ದಾಳೆ. ಹುಡುಗಿ ಬೆಕ್ಕಿಗೆ ತಾನೇ ಹಾಲಿಡುತ್ತಾಳೆ, ಮಲಗುವಾಗ ಅತ್ತೆಯ ಬೆರಳು ಹಿಡಿದುಕೊಂಡೇ ಮಲಗುತ್ತಾಳೆ ಎಂದೆಲ್ಲ ಬರೆದಿದ್ದಾಳೆ. ಸುಳ್ಳು ಹೇಳುವುದಕ್ಕೆ ಮನಸ್ಸಿಲ್ಲ, ಆದರೂ ನೀನು ಹೇಳಿದಂತೆಯೇ ಮಾಡುತ್ತೇನೆ ಎಂದು ಕೊನೆಗೊಂದು ಸಾಲು.

ಡೋರ್ಕಾಸ್ ಯಾವತ್ತೂ ಸ್ವಲ್ಪ ಅತಿ.

ಜುಲೈ 30

ಕೊರೆಯುವ ದಕ್ಷಿಣದ ಗಾಳಿ. ತೋಟದ ಬೇಲಿ ಬಿತ್ತು. ನಾನೂ ರಾಹೇರಳೂ ಎತ್ತಿ ಕಟ್ಟಿದೆವು. ಲೆಟ್ಟಿಗೆ ಹಿಂದಿನ ಕೋಣೆ ಬೆಚ್ಚಗಿರುತ್ತದೆ.

ಅಕ್ಟೋಬರ್ 5

ಆಂಬ್ರೋಸ್ ಮಧ್ಯಾಹ್ನವೇ ಮನೆಗೆ ಬಂದರು. ಚೀಲವನ್ನು ಬಾಗಿಲಲ್ಲೇ ಇಟ್ಟು ಅಡಿಗೆಮನೆಯ ಬೆಂಚಿನ ಮೇಲೆ ಕೂತರು. ಈ ಋತುವಿನ ತಂಡವನ್ನು ಹೋಟೆಲಿನ ಬಾಗಿಲಿಗೆ ಅಂಟಿಸಿದ್ದಾರೆ. ಗಾರೋ ನಾಯಕ. ಹನ್ನೊಂದು ಹೆಸರಿನಲ್ಲಿ ಪೆಲ್ ಎಂಬ ಹೆಸರಿಲ್ಲ. ಮೊನ್ನೆ ಸಭೆ ಸೇರಿ ತೀರ್ಮಾನಿಸಿದರಂತೆ, ಟಾಪ್ಲಿಸ್ ಕೂಡ ಕೈ ಎತ್ತಿದರಂತೆ. ನಿನ್ನೆ ಸಂಜೆ ಗಾರೋ ಇವರ ಜೊತೆ ಚಹಾ ಕುಡಿದು, ಹವಾಮಾನದ ಮಾತಾಡಿ ಹೋಗಿದ್ದ.

"ಒಂದು ಮಾತು ಹೇಳ್ಬಹುದಿತ್ತಲ್ಲ, ಹೆಸ್ಟರ್? ಬೀದೀಲಿ ಹೋಗೋ ಕುದುರೆಗಾಡಿಯವನ ಬಾಯಿಂದ ಕೇಳಿ ತಿಳ್ಕೋಬೇಕಾ ನಾನು? ಬೇಡ ಅಂದ್ರೆ ಬಿಟ್ಟುಕೊಡ್ತಿದ್ದೆ. ಹೇಳ್ಬಹುದಿತ್ತು."

ನಾಲಿಗೆಯ ತುದಿಗೆ ಬಂದ ಮಾತೊಂದಿತ್ತು. ಒಂದು ವರ್ಷದಿಂದ ತಿದ್ದಿ ತೀಡಿ ಇಟ್ಟುಕೊಂಡಿದ್ದೆ. ಮುಖ ನೋಡಿದೆ. ಗಡ್ಡವೆಲ್ಲ ಬಿಳಿ, ಎಂದು ಬಿಳಿಯಾಯಿತೋ ಗಮನಿಸಿರಲಿಲ್ಲ. ನೀರು ಕಾಯಿಸಿ ತೊಡೆಗೆ ಬಿಸಿಬಟ್ಟೆ ಕಟ್ಟಿದೆ. ಗಾರೋನ ಕಾಲಾಟ ಸರಿಯಿಲ್ಲ, ಎರಡು ಪಂದ್ಯ ನೋಡಲಿ, ಇವರ ಹತ್ತಿರವೇ ಬರುತ್ತಾರೆ ಎಂದೆ. ಅದು ಸಮಾಧಾನದ ಮಾತಲ್ಲ, ನಿಜವೇ.

ಅಕ್ಟೋಬರ್ 19

ಹುರುಳಿಕಾಯಿ ಬೀಜ ಹಾಕುವ ಕಾಲ. ಸಾಲು ತೋಡುತ್ತಿದ್ದೆ. ಆಂಬ್ರೋಸ್ ಬೇಲಿಯ ಆಚೆ ಬಂದು ನಿಂತರು. ಬಹಳ ದಿನದ ಮೇಲೆ ಮುಖದಲ್ಲಿ ಕಳೆಯಿತ್ತು.

"ಡಿಸೆಂಬರ್ ಹಡಗಿಗೆ ಜಾಗ ಹಿಡಿದು ಬಂದೆ. ನಾವಿಬ್ರೂ ಊರಿಗೆ ಹೋಗ್ತಿದ್ದೀವಿ. ನಿನ್ನಾಸೆ ಈಡೇರ್ತು ನೋಡು."

ಮೊದಲು ತಲೆಗೆ ಬಂದದ್ದು, ಡಿಸೆಂಬರಿನಲ್ಲಿ ಹೊರಟರೆ ಈ ಕಾಯಿ ಕೀಳುವವರು ಯಾರು ಎಂದು. ಎರಡನೆಯದು ನನ್ನ ಹುಡುಗಿಯರು. ಅವರು ಈಗಷ್ಟೇ ಭಾಗಾಕಾರಕ್ಕೆ ಬಂದಿದ್ದಾರೆ.

"ನನ್ನನ್ನ ಕೇಳಿದ್ರಾ?"

"ಕೇಳೋದೇನಿದೆ? ಒಂದು ವರ್ಷದಿಂದ ನನ್ನ ಜೊತೆ ನೆಟ್ಟಗೆ ಮಾತಾಡಿಲ್ಲ ನೀನು, ಇದಕ್ಕಾಗೇ ಅಲ್ವಾ?"

ಆಗ ಹೇಳಿದೆ. ಲೆಟ್ಟಿ ಆಗಸ್ಟಿನಲ್ಲೇ ಹಡಗು ಹತ್ತಿದ್ದಾಳೆ, ಈಗ ನಡುಸಮುದ್ರದಲ್ಲಿದ್ದಾಳೆ, ಮುಂದಿನ ತಿಂಗಳು ಇಲ್ಲಿರುತ್ತಾಳೆ, ನಾನೇ ಬರೆದು ಕರೆಸಿಕೊಂಡೆ ಎಂದೆ. ಅವರು ಬೇಲಿಯ ಗೂಟ ಹಿಡಿದುಕೊಂಡರು. ತಮ್ಮ ಮಗಳು ಎರಡು ತಿಂಗಳಿಂದ ಸಮುದ್ರದ ಮೇಲಿರುವುದು ತಂದೆಗೆ ಗೊತ್ತಿರಲಿಲ್ಲ.

"ನಂಗೆ ಹೇಳ್ಬಹುದಿತ್ತು."

"ಹೌದು, ಹೇಳ್ಬಹುದಿತ್ತು," ಎಂದೆ.

ಬೇಲಿ ಬಿಟ್ಟು ಬಯಲಿನ ಕಡೆ ನಡೆದು ಹೋದರು. ನಾನು ಬೀಜ ಹಾಕಿ ಮಣ್ಣು ಮುಚ್ಚಿದೆ. ಗೆದ್ದೆ ಎಂದುಕೊಂಡಿದ್ದೆ. ಅದೇ ಸಾಲಿಗೆ ಎರಡನೆಯ ಸಲ ಬೀಜ ಹಾಕಿದ್ದು ಆಮೇಲೆ ಗೊತ್ತಾಯಿತು.

ಅಕ್ಟೋಬರ್ 21

ಮಾತಿಲ್ಲ. ಆದರೆ ಹಿಂದಿನ ಕೋಣೆಯ ಕಿಟಕಿಗೆ ಹೊಸ ಚಿಲಕ ಹಾಕಿದ್ದಾರೆ.

ನವೆಂಬರ್ 16

ನಿನ್ನೆ ಸಂಜೆಯೇ ಹಡಗು ಕಂಡಿತ್ತು. ಬೆಳಿಗ್ಗೆ ದೋಣಿಗಳಲ್ಲಿ ಜನರನ್ನು ಇಳಿಸಿದರು. ಆಂಬ್ರೋಸ್ ಗಡ್ಡ ಕತ್ತರಿಸಿಕೊಂಡು, ಕರೆಯದೆಯೇ ಜೊತೆಗೆ ಬಂದರು. ನನ್ನ ಕಣ್ಣು ಗುಂಡು ಕೆನ್ನೆಯ ಮಗುವೊಂದನ್ನು ಹುಡುಕುತ್ತಿತ್ತು. ಪಾದ್ರಿ ದಂಪತಿಗಳ ನಡುವೆ ಬೂದು ಬಟ್ಟೆಯ ತೆಳ್ಳಗಿನ ಎತ್ತರದ ಹುಡುಗಿಯೊಬ್ಬಳು ನಿಂತಿದ್ದಳು. ಅವಳನ್ನು ದಾಟಿ ಮುಂದಿನ ದೋಣಿಯತ್ತ ನೋಡಿದೆ.

"ಹೆಸ್ಟರ್," ಎಂದರು ಆಂಬ್ರೋಸ್, "ಅವಳೇ. ನಮ್ಮಮ್ಮನ ಹಣೆ."

ಹುಡುಗಿ ಮೊಣಕಾಲು ಬಗ್ಗಿಸಿ ವಂದಿಸಿ, ಹೇಗಿದ್ದೀರಿ ಮೇಡಮ್ ಎಂದಳು. ತಬ್ಬಿಕೊಂಡೆ. ಮರದ ಹಲಗೆಯಂತೆ ನಿಂತಿದ್ದಳು. ಮಿಸೆಸ್ ವಿಟ್ಲೋ ನನ್ನನ್ನು ಪಕ್ಕಕ್ಕೆ ಕರೆದು, ಮೊದಲ ಎರಡು ವಾರ ಅನ್ನ ನೀರು ಮುಟ್ಟಲಿಲ್ಲ, ದಿನವೆಲ್ಲ ಹಡಗಿನ ಹಿಂಬದಿಯಲ್ಲಿ ನಿಂತಿರುತ್ತಿದ್ದಳು ಎಂದರು.

ಗಾಡಿಯಲ್ಲಿ ಬರುವಾಗ ಆಂಬ್ರೋಸ್ ಹಡಗಿನ ಬಗ್ಗೆ ಅದೂ ಇದೂ ಕೇಳಿದರು. ಲೆಟ್ಟಿ ಒಂದೇ ಮಾತು ಹೇಳಿದಳು.

"ಸಂಜೆ ವಾಪಸ್ ಬರೋಣ ಅಂದಿದ್ರು ಅತ್ತೆ. ಬೆಕ್ಕಿಗೆ ಹೇಳ್ದೇನೇ ಬಂದುಬಿಟ್ಟೆ ನಾನು."

ಡೋರ್ಕಾಸ್ ಸಂಜೆ ಬರೋಣ ಎಂದೆಲ್ಲ ಹೇಳಬಾರದಿತ್ತು.

ನವೆಂಬರ್ 17

ಲೆಟ್ಟಿ ಇನ್ನೂ ಮಲಗಿದ್ದಳು. ಆಂಬ್ರೋಸ್ ಚಹಾ ಬಟ್ಟಲನ್ನು ಕೆಳಗಿಟ್ಟು, "ಆ ಸುಳ್ಳು ಡೋರ್ಕಾಸಿಗೆ ಹೊಳೆಯೋದಲ್ಲ. ಯಾರು ಹೇಳಿಕೊಟ್ಟಿದ್ದು?" ಎಂದರು.

ಚಹಾ ಆರಿಹೋಗುತ್ತದೆ ಎಂದೆ.

ನವೆಂಬರ್ 19

ಬಟಾಣಿ ಸುಲಿಯುತ್ತಿದ್ದೆ. ಲೆಟ್ಟಿ ತಾನಾಗಿಯೇ ಬಂದು ಪಕ್ಕದಲ್ಲಿ ಕೂತು ಒಂದು ಹಿಡಿ ತೆಗೆದುಕೊಂಡಳು. ಅವಳ ಬೆರಳು ನನ್ನ ಬೆರಳಿಗಿಂತ ಚುರುಕು. ಸ್ವಲ್ಪ ಹೊತ್ತಾದ ಮೇಲೆ ತಲೆಯನ್ನು ನನ್ನ ತೋಳಿಗೆ ಒರಗಿಸಿದಳು. ನಾನು ಅಲ್ಲಾಡಲಿಲ್ಲ. ನಾಲ್ಕು ವರ್ಷದಿಂದ ಆ ಭಾರಕ್ಕೆ ಕಾಯುತ್ತಿದ್ದ ತೋಳು ಇದು.

"ಅತ್ತೆ ಸುಳ್ಳುಗಾತಿ," ಎಂದಳು. "ಸಮುದ್ರ ನೋಡೋಣ ಅಂತ ಕರ್ಕೊಂಡು ಬಂದು ಬಿಟ್ಟುಹೋದ್ರು. ನಾನಿನ್ನು ಅವರಿಗೆ ಕಾಗದ ಬರೆಯಲ್ಲ. ಯಾವತ್ತೂ ಬರೆಯಲ್ಲ. ಇನ್ಮೇಲೆ ನಿಮ್ಮನ್ನೇ ಅಮ್ಮ ಅಂತೀನಿ."

ಆಂಬ್ರೋಸ್ ಸೌದೆ ತಂದವರು ಬಾಗಿಲಲ್ಲೇ ನಿಂತಿದ್ದರು. ಕೇಳಿಸಿಕೊಂಡರು. ನಾನೂ ಸುಮ್ಮನಿರಬಹುದಿತ್ತು. ಇನ್ನೂ ನಾಲ್ಕು ಬಟಾಣಿ ಸುಲಿದೆ. ಲಡ್ಲೋದ ಆ ಮನೆಯಲ್ಲಿ ಡೋರ್ಕಾಸ್ ದಿನವೂ ಅಂಚೆಯವನ ದಾರಿ ಕಾಯುತ್ತಿರುತ್ತಾಳೆ. ನಾನು ಕಾಯುತ್ತಿದ್ದೆನಲ್ಲ, ಹಾಗೆ.

"ಲೆಟ್ಟಿ, ಅದು ಅತ್ತೆ ಮಾಡಿದ್ದಲ್ಲ. ಹಾಗೆ ಹೇಳಿ ಕರ್ಕೊಂಡು ಹೋಗು ಅಂತ ಬರೆದವಳು ನಾನು. ಅವರಿಗೆ ಮನಸ್ಸಿರ್ಲಿಲ್ಲ."

"ಯಾಕೆ?"

"ಮೊದಲೇ ಹೇಳಿದ್ರೆ ನೀನು ಅಳ್ತೀಯ ಅಂತ."

ಆಂಬ್ರೋಸ್ ತಲೆಯೆತ್ತಿ ನನ್ನ ಕಡೆ ನೋಡಿದರು. ಆಮೇಲೆ ಸೌದೆಯನ್ನು ಸದ್ದಾಗದಂತೆ ಕೆಳಗಿಟ್ಟರು.

ಲೆಟ್ಟಿ ನೆಟ್ಟಗೆ ಕೂತಳು. ತೋಳು ಹಗುರವಾಯಿತು. "ಅಳು ಹೇಗಿದ್ರೂ ಬಂತು," ಎಂದಳು, "ಹಡಗಲ್ಲಿ. ಅಲ್ಲಿ ಅತ್ತೆ ಇರ್ಲಿಲ್ಲ, ಅಷ್ಟೇ."

ಬಟಾಣಿಯನ್ನು ಬಟ್ಟಲಿಗೆ ಹಾಕಿ, ಕೈ ಒರೆಸಿಕೊಂಡು ಹಿಂದಿನ ಕೋಣೆಗೆ ಹೋದಳು. ಬಾಗಿಲು ಹಾಕಿಕೊಳ್ಳಲಿಲ್ಲ. ಒಳಗೆ ಹೋಗುವ ಧೈರ್ಯ ನನಗಾಗಲಿಲ್ಲ. ಆಂಬ್ರೋಸ್ ಬಂದು, ಅವಳು ಬಿಟ್ಟುಹೋದ ಜಾಗದಲ್ಲಿ ಕೂತು ಉಳಿದ ಬಟಾಣಿ ಸುಲಿದರು. ಅರ್ಧಕ್ಕರ್ಧ ನೆಲಕ್ಕೆ ಬೀಳಿಸಿದರು. ನಾನು ಬೈಯಲಿಲ್ಲ.

ನವೆಂಬರ್ 24

ಲೆಟ್ಟಿ ಅತ್ತೆಗೆ ಕಾಗದ ಬರೆದಳು. ಎರಡು ಹಾಳೆ ಕೇಳಿದಳು, ನಾಲ್ಕು ಕೊಟ್ಟೆ. ನಾಲ್ಕನ್ನೂ ತುಂಬಿಸಿದಳು. ಏನು ಬರೆದಳೆಂದು ಕೇಳಲಿಲ್ಲ. ಅವಳೂ ಆಂಬ್ರೋಸೂ ಅಂಚೆಗೆ ನಡೆದು ಹೋದರು. ಅವರ ಕುಂಟು ನಡಿಗೆಗೆ ಅವಳು ತನ್ನ ನಡಿಗೆಯನ್ನು ನಿಧಾನ ಮಾಡಿಕೊಂಡದ್ದನ್ನು ಕಿಟಕಿಯಿಂದ ನೋಡಿದೆ.

ಡಿಸೆಂಬರಿನ ಹಡಗಿನ ಜಾಗವನ್ನು ನಾವು ಇನ್ನೂ ಬಿಟ್ಟುಕೊಟ್ಟಿಲ್ಲ. ನಿನ್ನೆ ನಾನೂ ಆಂಬ್ರೋಸೂ ಅದರ ಬಗ್ಗೆ ಮಾತಾಡಿದೆವು. ಬಹಳ ಹೊತ್ತು, ಜಗಳವಿಲ್ಲದೆ. ನಾನು ಇಲ್ಲೇ ಇರುತ್ತೇನೆ ಎಂದೆ. ತಮಗೆ ಇನ್ನೂ ಗೊತ್ತಾಗುತ್ತಿಲ್ಲ ಎಂದರು. ಲೆಟ್ಟಿಗೆ ವಾಪಸ್ ಹೋಗಬೇಕೆನಿಸಿದರೆ ತಾವೇ ಲಡ್ಲೋವರೆಗೆ ಬಿಟ್ಟುಬರುತ್ತಾರಂತೆ. ಬಿಟ್ಟುಬರುವುದೆಂದರೆ ವರ್ಷದ ಮಾತು. ಅಷ್ಟು ದೂರ ಅವಳು ಹೋದರೆ ನನ್ನ ಗತಿಯೇನು ಎಂದು ಯೋಚಿಸಿದೆ. ಆದರೂ ಇವತ್ತು ಇಬ್ಬರೂ ಕೂತು ಅವಳನ್ನೇ ಕೇಳಿದೆವು.

ಅವಳು ನನ್ನನ್ನೂ ಅವರನ್ನೂ ಬಹಳ ಹೊತ್ತು ನೋಡಿದಳು, ಇದರಲ್ಲೂ ಏನಾದರೂ ಮೋಸವಿದೆಯೇ ಎಂಬಂತೆ.

"ಯೋಚನೆ ಮಾಡಿ ಹೇಳ್ತೀನಿ," ಎಂದಳು.

ಆಗಲಿ, ಹಡಗಿಗೆ ಇನ್ನೂ ಸಮಯವಿದೆ ಎಂದರು ಆಂಬ್ರೋಸ್.

ಊಟದಲ್ಲಿ ಲೆಟ್ಟಿ ನನ್ನ ಕಡೆ ಒಮ್ಮೆಯೂ ನೋಡಲಿಲ್ಲ. ಆದರೆ ತಟ್ಟೆ ಖಾಲಿ ಮಾಡಿ, ಇನ್ನೊಂದು ಆಲೂಗಡ್ಡೆ ಕೇಳಿ ಹಾಕಿಸಿಕೊಂಡಳು. ಕೇಳಿದ್ದು ಅಪ್ಪನನ್ನು. ಪಾತ್ರೆ ನನ್ನ ಪಕ್ಕದಲ್ಲಿತ್ತು. ನಾನು ಅದನ್ನು ಅವರ ಕಡೆಗೆ ಸರಿಸಿದೆ.